ಸೆರೆ ಹೋದವರ ಹೆಸರು: ಹೊಟ್ಟೂರು ಶಾಸನವನ್ನು ಹೇಗೆ ಓದಬೇಕು?

ಹಾವೇರಿ ಜಿಲ್ಲೆಯ ಶಿಗ್ಗಾಂವಿ ತಾಲ್ಲೂಕಿನ ಹೊಟ್ಟೂರಿನ ಶಾಸನ ಗೊತ್ತಿಲ್ಲದ ಶಾಸನಾಸಕ್ತರು ಕಡಿಮೆ. ಶಕ 929, ಅಂದರೆ ಕ್ರಿ.ಶ. 1007-08ರದು. ಕಲ್ಯಾಣ ಚಾಲುಕ್ಯರ ಸತ್ಯಾಶ್ರಯನ ಕಾಲ. ಎಲ್.ಡಿ. ಬಾರ್ನೆಟ್ ಅವರು ಎಪಿಗ್ರಾಫಿಯಾ ಇಂಡಿಕಾದ 16ನೇ ಸಂಪುಟದಲ್ಲಿ ಇದನ್ನು ಸಂಪಾದಿಸಿ ಪ್ರಕಟಿಸಿದ ಮೇಲೆ ಚೋಳ-ಚಾಲುಕ್ಯ ಯುದ್ಧದ ಬಗ್ಗೆ ಬರೆದವರೆಲ್ಲ ಇದನ್ನು ಮುಟ್ಟಿಯೇ ಮುಂದೆ ಹೋಗಿದ್ದಾರೆ. ಹೇಳುವ ಸಂಗತಿ ಇಷ್ಟು: ಚೋಳ ಒಂಬತ್ತು ಲಕ್ಷ ಸೈನ್ಯದೊಂದಿಗೆ ಬಂದು ದೋಣವೂರಿನಲ್ಲಿ ಬೀಡುಬಿಟ್ಟ, ನಾಡನ್ನೆಲ್ಲ ಸೂರೆ ಮಾಡಿದ, ಹೆಂಗಸರನ್ನು, ಮಕ್ಕಳನ್ನು, ಬ್ರಾಹ್ಮಣರನ್ನು ಕೊಂದ, ಹೆಣ್ಣುಮಕ್ಕಳನ್ನು ಹಿಡಿದುಕೊಂಡು ಜಾತಿ ಕೆಡಿಸಿದ. ಆಮೇಲೆ ಸತ್ಯಾಶ್ರಯ ಅವನನ್ನು ಓಡಿಸಿ, ಅವನ ವಸ್ತು ವಾಹನಗಳನ್ನು ಕಿತ್ತುಕೊಂಡು, ತೆಂಕಣ ದಿಕ್ಕನ್ನು ಗೆದ್ದ. ಸತ್ಯಾಶ್ರಯನಿಗೆ ಇಲ್ಲಿ ಸಿಗುವ ಬಿರುದು 'ತಿಗುಳಮಾರಿ'.

ಈ ಶಾಸನಕ್ಕೆ ನಮ್ಮಲ್ಲಿ ಎರಡೇ ಥರದ ಓದು ನಡೆದು ಬಂದಿದೆ. ಒಂದು ಓದಿನವರು ಇದನ್ನು ಚೋಳರ ಕ್ರೌರ್ಯಕ್ಕೆ ಸಾಕ್ಷಿ ಅಂತ ಎತ್ತಿ ಹಿಡೀತಾರೆ. ಇನ್ನೊಂದು ಓದಿನವರು ಇದು ಶತ್ರುವಿನ ಬಾಯಿಂದ ಬಂದ ಮಾತು, ಉತ್ಪ್ರೇಕ್ಷೆ, ಅರ್ಧ ಕಳೆದು ಓದಬೇಕು ಅಂತಾರೆ. ಜಗಳ ಇರೋದು ಚೋಳ ಎಷ್ಟು ಕೆಟ್ಟವನು ಅನ್ನೋದರ ಮೇಲೆ. ಹಿಡಿದುಕೊಂಡು ಹೋದ ಆ ಹೆಣ್ಣುಮಕ್ಕಳು ಏನಾದರು ಅಂತ ಎರಡೂ ಕಡೆಯವರು ಕೇಳೋದಿಲ್ಲ. ಶಾಸನವೂ ಕೇಳೋದಿಲ್ಲ. ಈ ಟಿಪ್ಪಣಿ ಇರುವುದು ಅದರ ಬಗ್ಗೆ.

ಒಂಬತ್ತು ಲಕ್ಷದ ಲೆಕ್ಕ

ಮೊದಲು ಸಂಖ್ಯೆಯನ್ನು ಒಂದು ಕಡೆ ಇಟ್ಟುಬಿಡೋಣ, ಯಾಕಂದರೆ ಉತ್ಪ್ರೇಕ್ಷೆಯ ವಾದ ಪೂರ್ತಿ ನಿಂತಿರೋದು ಅದರ ಮೇಲೆ. ನಾನು ಎಂಜಿನಿಯರ್. ಸಂಖ್ಯೆ ಕಂಡರೆ ಗುಣಿಸಿ ನೋಡೋದು ಅಭ್ಯಾಸ. ಒಂಬತ್ತು ಲಕ್ಷ ಜನ ನಾಲ್ಕು ನಾಲ್ಕು ಮಂದಿಯ ಸಾಲಿನಲ್ಲಿ, ಸಾಲಿಗೂ ಸಾಲಿಗೂ ಒಂದೂವರೆ ಮೀಟರ್ ಬಿಟ್ಟು ನಡೆದರೆ ಸೈನ್ಯದ ಉದ್ದ ಸುಮಾರು 337 ಕಿಲೋಮೀಟರ್ ಆಗುತ್ತದೆ. ತಲೆ ವಿಜಯಪುರ ಜಿಲ್ಲೆಯ ದೋಣೂರು ಮುಟ್ಟಿದಾಗ ಬಾಲ ಅನಂತಪುರದ ಹತ್ತಿರ ಇರಬೇಕು. ಆನೆ, ಕುದುರೆ, ಗಾಡಿ ಇನ್ನೂ ಲೆಕ್ಕಕ್ಕೆ ಬಂದಿಲ್ಲ. ಆಳಿಗೆ ದಿನಕ್ಕೆ ಅರ್ಧ ಕಿಲೋ ಕಾಳು ಅಂದರೂ ದಿನಕ್ಕೆ 450 ಟನ್. ಒಂದು ಹೇರೆತ್ತು ನೂರು ಕಿಲೋ ಹೊರುತ್ತದೆ ಅಂದುಕೊಂಡರೆ ಒಂದೇ ದಿನದ ಊಟಕ್ಕೆ 4,500 ಎತ್ತು. ಆಗುವ ಮಾತಲ್ಲ.

ಆದರೆ ಇದನ್ನು ಸುಳ್ಳು ಅನ್ನೋದೂ ಸರಿಯಲ್ಲ. ಆ ಕಾಲದಲ್ಲಿ ನಾಡುಗಳ ಹೆಸರಿನ ಜೊತೆಗೇ ಸಂಖ್ಯೆ ಇರುತ್ತಿತ್ತು: ಬೆಳ್ವೊಲ 300, ಬನವಾಸಿ 12000, ನೊಳಂಬವಾಡಿ 32000, ಗಂಗವಾಡಿ 96000. ಚೋಳರ ಶಾಸನಗಳು ಚಾಲುಕ್ಯರ ರಾಜ್ಯವನ್ನೇ ಏಳೂವರೆ ಲಕ್ಷದ ರಟ್ಟಪಾಡಿ ಅಂತ ಕರೆಯುತ್ತವೆ. ಏಳೂವರೆ ಲಕ್ಷದ ನಾಡಿನ ಮೇಲೆ ಒಂಬತ್ತು ಲಕ್ಷದ ಸೈನ್ಯ. ಇದು 'ನಾಡಿಗಿಂತ ದೊಡ್ಡ ದಂಡು ಬಂತು' ಅನ್ನುವ ಮಾತಿನ ಅಂಕಿ ರೂಪ ಅಂತ ನನ್ನ ಊಹೆ. ನಮ್ಮ ರಾಣೆಬೆನ್ನೂರು ತಾಲ್ಲೂಕಿನ ದೇವರಗುಡ್ಡದಲ್ಲಿ ಗೊರವಪ್ಪಗಳು ಮಾಲತೇಶನ ಹೆಸರಿನಲ್ಲಿ ಏಳು ಕೋಟಿ ಅಂತ ಕೂಗುವಾಗ ಯಾರೂ ತಲೆ ಎಣಿಸೋದಿಲ್ಲ. ದೇವರ ದಂಡು ದೊಡ್ಡದು ಅಂತ ಎಲ್ಲರಿಗೂ ತಿಳಿಯುತ್ತದೆ, ಅಷ್ಟೇ. ಹೊಟ್ಟೂರಿನ ಒಂಬತ್ತು ಲಕ್ಷವನ್ನೂ ಹಾಗೇ ಕೇಳಿಸಿಕೊಳ್ಳಬೇಕು.

ಮುಖ್ಯ ಮಾತು ಏನಂದರೆ, ಸಂಖ್ಯೆ ಬಿದ್ದರೆ ಕ್ರಿಯಾಪದ ಬೀಳೋದಿಲ್ಲ. ಕೊಲ್ಲುವುದು, ಸೂರೆ ಮಾಡುವುದು, ಹಿಡಿದುಕೊಂಡು ಹೋಗುವುದು ಇವಕ್ಕೆ ಒಂಬತ್ತು ಲಕ್ಷ ಜನ ಬೇಕಿಲ್ಲ, ಒಂಬತ್ತು ಸಾವಿರ ಸಾಕು. ಅಂಕಿ ದೊಡ್ಡದಾಯಿತು ಅಂತ ಇಡೀ ವಾಕ್ಯವನ್ನು ತಳ್ಳಿಹಾಕುವವರು ಲೆಕ್ಕದ ಎರಡು ಬೇರೆ ಬೇರೆ ಬಾಬ್ತುಗಳನ್ನು ಒಂದೇ ಅಂತ ಕೂಡಿಸುತ್ತಿದ್ದಾರೆ.

ಯಾವುದಕ್ಕೆ ದುಃಖ?

ಈಗ ಆ ಕ್ರಿಯಾಪದಗಳನ್ನು ನೋಡೋಣ. ಹೆಣ್ಣುಮಕ್ಕಳನ್ನು ಹಿಡಿದದ್ದರ ಫಲವಾಗಿ ಶಾಸನ ಹೇಳೋದು ಜಾತಿನಾಶ. ಅವರಿಗೆ ಏನಾಯಿತು ಅಂತಲ್ಲ. ಅವರು ಹೋದದ್ದರಿಂದ ಉಳಿದವರ ಕುಲಕ್ಕೆ ಏನಾಯಿತು ಅಂತ. ನಷ್ಟ ಬರೆದಿರೋದು ಮನೆಯ ಲೆಕ್ಕದಲ್ಲಿ, ಹೋದವಳ ಲೆಕ್ಕದಲ್ಲಲ್ಲ. ಸತ್ಯಾಶ್ರಯ ಗೆದ್ದ ಮೇಲೆ ಏನು ವಾಪಸ್ ಬಂತು? ವಸ್ತು, ವಾಹನ. ಸೆರೆ ಬಿಡಿಸಿದ ಮಾತು ಅಲ್ಲಿಲ್ಲ. ಮೊದಲ ಭಾಗದಲ್ಲಿ ಕಳೆದುಹೋದವರು ಎರಡನೇ ಭಾಗದಲ್ಲಿ ಸಿಗೋದಿಲ್ಲ, ಸಿಗಲಿಲ್ಲ ಅಂತಲೂ ಬರೆದಿಲ್ಲ. ಶಾಸನದ ಜಮಾ ಖರ್ಚು ಇಲ್ಲಿ ತಾಳೆಯಾಗೋದಿಲ್ಲ. ಇಷ್ಟು ವರ್ಷದ ಚರ್ಚೆಯಲ್ಲಿ ಕಾಣದೆ ಉಳಿದ ಬಿರುಕು ಇದೇ ಅಂತ ನನಗನ್ನಿಸುತ್ತದೆ.

ಶಾಸನ ಅಂದರೆ ಪ್ರಶಸ್ತಿ ಮತ್ತು ದತ್ತಿ, ಅದರಲ್ಲಿ ಜನಗಣತಿ ಹುಡುಕೋದು ಎಲ್ಲಿಯ ನ್ಯಾಯ ಅಂತ ಯಾರಾದರೂ ಕೇಳಬಹುದು. ನ್ಯಾಯವಾದ ಪ್ರಶ್ನೆಯೇ. ಆದರೆ ಆ ಕಾಲದವರಿಗೆ ಪಟ್ಟಿ ಮಾಡಲು ಬರುತ್ತಿರಲಿಲ್ಲ ಅನ್ನುವ ಹಾಗಿಲ್ಲ. ಇದೇ ಯುದ್ಧದ ಇನ್ನೊಂದು ಪಕ್ಷವನ್ನೇ ನೋಡಿ. ರಾಜರಾಜ ಸತ್ಯಾಶ್ರಯನನ್ನು ಗೆದ್ದು ಬಂದು ತಂಜಾವೂರಿನ ದೇಗುಲಕ್ಕೆ ಚಿನ್ನದ ಹೂವುಗಳನ್ನು ಕೊಟ್ಟದ್ದು ಅಲ್ಲಿನ ಗೋಡೆಯ ಮೇಲಿದೆ. ಆ ಶಾಸನಗಳು ಚಿನ್ನವನ್ನು ಕಳಂಜು, ಮಂಜಾಡಿ, ಕೊನೆಗೆ ಒಂದು ಗುಲಗಂಜಿ ತೂಕದ ತನಕ ಬಿಡದೆ ಬರೆಯುತ್ತವೆ. ಅದೇ ದೇಗುಲದ ಸೇವೆಗೆ ತಂದಿರಿಸಿದ 400 ಹೆಂಗಸರ ಹೆಸರು, ಅವರು ಯಾವ ಊರಿನ ಯಾವ ದೇಗುಲದಿಂದ ಬಂದವರು, ಯಾವ ಬೀದಿಯಲ್ಲಿ ಎಷ್ಟನೇ ಮನೆ ಅನ್ನೋದು ಕೂಡ ಅಲ್ಲೇ ಇದೆ. ಇಷ್ಟು ಅಚ್ಚುಕಟ್ಟಾದ ಕಾರಕೂನಿಕೆ ಇದ್ದ ರಾಜ್ಯ, ಯುದ್ಧದಲ್ಲಿ ಹಿಡಿದು ತಂದವರನ್ನು ಎಣಿಸಿ ಬರೆಯಲಿಲ್ಲ ಅಂದರೆ ಅದು ಅಸಾಮರ್ಥ್ಯವಲ್ಲ, ಆಯ್ಕೆ.

ನಮ್ಮ ಕಡೆಯೂ ಅದೇ ಕತೆ. ಗದಗ ಸೀಮೆಯ ಗಾವರವಾಡದ 1071-72ರ ಶಾಸನ, ಚೋಳ ಬೆಳ್ವೊಲಕ್ಕೆ ನುಗ್ಗಿ ಜಿನಾಲಯಗಳನ್ನು ಸುಟ್ಟದ್ದನ್ನೂ, ಆ ಪಾಪಕ್ಕೆ ಯುದ್ಧದಲ್ಲಿ ತಲೆ ಕೊಟ್ಟದ್ದನ್ನೂ ಹೇಳುತ್ತದೆ. ಆಮೇಲೆ ಅಣ್ಣಿಗೇರಿಯ ಬಸದಿಯನ್ನು ಮಹಾಮಂಡಳೇಶ್ವರ ಲಕ್ಷ್ಮರಸ ಮತ್ತೆ ನೆಟ್ಟಗೆ ಮಾಡಿಸಿದ, ನಿಂತುಹೋಗಿದ್ದ ದತ್ತಿ ಮತ್ತೆ ನಡೆಯಿತು. ಸುಟ್ಟ ಕಟ್ಟಡಕ್ಕೆ ಜೀರ್ಣೋದ್ಧಾರ ಇದೆ, ತಪ್ಪಿದ ಭೂಮಿಗೆ ಮರುದಾನ ಇದೆ. ಮನುಷ್ಯರ ಬಾಬ್ತಿನಲ್ಲಿ ಮಾತ್ರ ಹೋದದ್ದು ಹೋಯಿತು.

ದೊರೆಗಾದರೆ ಬೇರೆ ಲೆಕ್ಕ

ಸೆರೆ ಅನ್ನೋದೇ ಶಾಸನಗಳಿಗೆ ಬೇಡದ ವಿಷಯ ಅಂತಲ್ಲ. ಸೆರೆಯಾದವನು ದೊರೆಯಾಗಿದ್ದರೆ ವಿವರಕ್ಕೆ ಕೊರತೆ ಇಲ್ಲ. ರಾಷ್ಟ್ರಕೂಟ ಧ್ರುವ ಗಂಗ ದೊರೆ ಇಮ್ಮಡಿ ಶಿವಮಾರನನ್ನು ಸೆರೆಯಲ್ಲಿಟ್ಟ. ಮುಮ್ಮಡಿ ಗೋವಿಂದ ಅವನನ್ನು ಬಿಟ್ಟ, ಅವನು ತಿರುಗಿಬಿದ್ದ ಮೇಲೆ ಮತ್ತೆ ಕಟ್ಟಿಹಾಕಿದ. ಇದನ್ನೆಲ್ಲ ಗೋವಿಂದನ 808ರ ರಾಧನಪುರ ತಾಮ್ರಪಟದ ಪ್ರಶಸ್ತಿ ಕ್ರಮವಾಗಿ ಹೇಳುತ್ತದೆ. ಬಿಟ್ಟದ್ದು ದಯೆ, ಮತ್ತೆ ಹಿಡಿದದ್ದು ಶೌರ್ಯ; ಒಬ್ಬನೇ ಸೆರೆಯಾಳಿನಿಂದ ಎರಡು ಗುಣ ಸಂಪಾದನೆ. ಇಮ್ಮಡಿ ತೈಲಪ ಮಾಳವದ ಪರಮಾರ ಮುಂಜನನ್ನು ಸೆರೆಹಿಡಿದದ್ದು ಚಾಲುಕ್ಯರ ಕೌಠೇಂ ತಾಮ್ರಪಟದಲ್ಲಿದೆ. ಅಲ್ಲಿ ಮುಂಜನ ಹೆಸರು ಉತ್ಪಲ.

ನನಗೆ ಎಲ್ಲಕ್ಕಿಂತ ಮುಖ್ಯ ಅನ್ನಿಸೋದು ಶಿವಮೊಗ್ಗ ತಾಲ್ಲೂಕಿನ 1313ರ ಒಂದು ಹೊಯ್ಸಳ ಶಾಸನ. 1311ರಲ್ಲಿ ಮಲಿಕ್ ಕಾಫರ್ ದೋರಸಮುದ್ರದ ಮೇಲೆ ಬಿದ್ದ ಮೇಲೆ ಮುಮ್ಮಡಿ ಬಲ್ಲಾಳನ ಮಗ ವೀರ ವಿರೂಪಾಕ್ಷ ಬಲ್ಲಾಳ ದೆಹಲಿಗೆ ಹೋಗಬೇಕಾಯಿತು. ಅವನು ದೆಹಲಿಯಿಂದ ಮರಳಿ ಬಂದ ಸಂದರ್ಭಕ್ಕೆ ದೊರೆ ತೆರಿಗೆ ಬಿಟ್ಟುಕೊಟ್ಟದ್ದನ್ನು ಈ ಶಾಸನ ದಾಖಲಿಸುತ್ತದೆ. ಹೋದವನ ಹೆಸರು, ಇದ್ದ ಊರು, ಮರಳಿದ ಕಾಲ, ಮನೆಯವರಿಗೆ ಆದ ಸಂತೋಷ ಎಲ್ಲವೂ ಒಂದೇ ಕಲ್ಲಿನಲ್ಲಿ. ಇಂದಿನ ಭಾಷೆಯಲ್ಲಿ ಹೇಳುವುದಾದರೆ ಇದು ಒತ್ತೆಯಾಳು ಮನೆಗೆ ಬಂದ ದಿನದ ದಾಖಲೆ.

ಇಲ್ಲಿ ಎರಡು ಪದಗಳನ್ನು ಬೇರೆ ಮಾಡಿಕೊಳ್ಳಬೇಕು. ಒತ್ತೆ ಅಂದರೆ ಅಡವು. ಅಡವಿಟ್ಟದ್ದಕ್ಕೆ ಮಾಲೀಕ ಇರುತ್ತಾನೆ, ಕರಾರು ಇರುತ್ತದೆ, ಕರಾರು ಮುಗಿದರೆ ಬಿಡಿಸಿಕೊಳ್ಳಬಹುದು. ಅದಕ್ಕೇ ಒತ್ತೆಯಾಳಿಗೆ ಹೆಸರು ಬೇಕೇ ಬೇಕು. 1792ರ ಶ್ರೀರಂಗಪಟ್ಟಣದ ಒಪ್ಪಂದದಲ್ಲಿ ಟಿಪ್ಪುವಿನ ಇಬ್ಬರು ಮಕ್ಕಳು, ಅಬ್ದುಲ್ ಖಾಲಿಕ್ ಮತ್ತು ಮುಯಿಜುದ್ದೀನ್, ಒತ್ತೆ ಹೋದರು. ಕರಾರಿನ ಹಣ ಸಂದ ಮೇಲೆ 1794ರಲ್ಲಿ ಮರಳಿದರು. ಸೆರೆಗೆ ಕರಾರಿಲ್ಲ. ಹೊಟ್ಟೂರಿನ ಹೆಣ್ಣುಮಕ್ಕಳು ಒತ್ತೆ ಹೋದವರಲ್ಲ, ಸೆರೆ ಹೋದವರು. ಅವರ ಪರವಾಗಿ ಯಾರೂ ಕರಾರು ಮಾಡಿಕೊಳ್ಳಲಿಲ್ಲ, ಹಾಗಾಗಿ ಹೆಸರಿನ ಅಗತ್ಯವೂ ಬೀಳಲಿಲ್ಲ.

ಹೆಸರು ಸಿಗೋದು ವೈರಿಯ ಕಲ್ಲಿನಲ್ಲಿ

ವಿಚಿತ್ರ ಅಂದರೆ, ಈ ಯುದ್ಧಗಳಲ್ಲಿ ಸೆರೆಯಾದ ಕನ್ನಡ ನಾಡಿನ ಕೆಲವು ಹೆಂಗಸರ ಹೆಸರು ನಮಗೆ ಗೊತ್ತಿದೆ. ಗೊತ್ತಾಗಿರೋದು ತಮಿಳು ಶಾಸನಗಳಿಂದ. 1054ರ ಕೊಪ್ಪಂ ಯುದ್ಧದಲ್ಲಿ ರಾಜಾಧಿರಾಜ ಸತ್ತ, ತಮ್ಮ ಇಮ್ಮಡಿ ರಾಜೇಂದ್ರ ರಣರಂಗದಲ್ಲೇ ಪಟ್ಟ ಕಟ್ಟಿಕೊಂಡ. ಅವನ ಮಣಿಮಂಗಲಂ ಶಾಸನ ಆಹವಮಲ್ಲ ಸೋಮೇಶ್ವರನಿಂದ ಕಿತ್ತುಕೊಂಡದ್ದನ್ನೆಲ್ಲ ಪಟ್ಟಿ ಮಾಡುತ್ತದೆ. ಆನೆ, ಕುದುರೆ, ಒಂಟೆ, ವರಾಹಧ್ವಜ. ಅವುಗಳ ಜೊತೆಗೆ ಸತ್ತಿಯವ್ವೈ, ಸಂಗಪ್ಪೈ ಮೊದಲಾದ ರಾಣಿಯರು. ತಮಿಳು ಕಾಗುಣಿತ ಬಿಚ್ಚಿ ನೋಡಿ: ಸತ್ಯವ್ವೆ, ಸಂಗವ್ವೆ. ಇವತ್ತಿಗೂ ಹಾವೇರಿ, ಬ್ಯಾಡಗಿ ಕಡೆ ಯಾವ ಓಣಿಯಲ್ಲಿ ನಿಂತು ಸಂಗವ್ವಾ ಅಂತ ಕೂಗಿದರೂ ಒಬ್ಬಳಾದರೂ ತಿರುಗಿ ನೋಡ್ತಾಳೆ. ವೀರರಾಜೇಂದ್ರನ ಪ್ರಶಸ್ತಿ ಇನ್ನೊಂದು ಹೆಜ್ಜೆ ಮುಂದೆ ಹೋಗುತ್ತದೆ. ದಂಡನಾಯಕ ಚಾಮುಂಡರಾಜನ ತಲೆ ಕಡಿದದ್ದನ್ನೂ, ಅವನ ಒಬ್ಬಳೇ ಮಗಳು, ಇರುಗಯ್ಯನ ಹೆಂಡತಿ ನಾಗಲೆಯ ಮೂಗು ಕೊಯ್ದದ್ದನ್ನೂ ಅದು ಸಾಧನೆಯ ಪಟ್ಟಿಯಲ್ಲಿ ಹೇಳಿಕೊಳ್ಳುತ್ತದೆ.

ಇವರ ಹೆಸರುಗಳನ್ನು ಬರೆದದ್ದು ಕರುಣೆಯಿಂದಲ್ಲ. ರಾಣಿಯ ಹೆಸರು ಬರೆದರೆ ಸೂರೆಯ ಬೆಲೆ ಏರುತ್ತದೆ, ಆನೆಯ ಹೆಸರು ಬರೆದ ಹಾಗೆ. ಹೆಸರಿಲ್ಲದವರು ಎಲ್ಲಿ ಹೋದರು ಅನ್ನುವುದಕ್ಕೆ ದೌದ್ ಅಲಿ ಅವರ ಅಧ್ಯಯನ ಒಂದು ದಾರಿ ತೋರಿಸುತ್ತದೆ. ಚೋಳ ಅರಮನೆಗೆ ಸೇರಿದ 'ವೇಳಂ' ಎಂಬ ಪರಿಚಾರಕ ವಸತಿಗಳಲ್ಲಿದ್ದ ಹೆಂಗಸರಲ್ಲಿ ಯುದ್ಧದ ಸೆರೆಯಾಳುಗಳೂ ಇದ್ದರು ಅನ್ನುವುದು ಅವರ ವಾದ. ಹೊಟ್ಟೂರು ಶಾಸನದ ವಾಕ್ಯ ಎಲ್ಲಿ ನಿಲ್ಲುತ್ತದೋ ಅಲ್ಲಿಂದ ಮುಂದಿನ ವಾಕ್ಯ ತಮಿಳು ನಾಡಿನಲ್ಲಿದೆ. ಎರಡೂ ಭಾಷೆಯ ಶಾಸನಗಳನ್ನು ಪಕ್ಕಪಕ್ಕ ಇಟ್ಟು ಓದದ ಹೊರತು ಈ ವಾಕ್ಯ ಪೂರ್ತಿಯಾಗೋದಿಲ್ಲ. 'ನಮ್ಮ ಶಾಸನ, ಅವರ ಶಾಸನ' ಅಂತ ಪಾಲು ಹಾಕಿಕೊಂಡು ಓದುವುದರ ನಿಜವಾದ ನಷ್ಟ ಇದು.

ಈ ಪದ್ಧತಿ ಕಲ್ಲಿನಿಂದ ಕಾಗದಕ್ಕೂ ದಾಟಿತು. ಶ್ರೀರಂಗಪಟ್ಟಣದ ಸೆರೆಯಿಂದ 1799ರಲ್ಲಿ ಹೊರಬಿದ್ದ ಧೋಂಡಿಯಾ ವಾಘ್‌ನನ್ನು ಬೆನ್ನಟ್ಟಿ ಬಂದ ವೆಲ್ಲೆಸ್ಲಿಯ ಸೈನ್ಯ 1800ರ ಜೂನ್‌ನಲ್ಲಿ ನಮ್ಮ ರಾಣೆಬೆನ್ನೂರಿನ ಕೋಟೆಯನ್ನು ಹಿಡಿಯಿತು. ಸೆಪ್ಟೆಂಬರ್ 10ರಂದು ಧೋಂಡಿಯಾ ಸತ್ತ ಮೇಲೆ ಸಾಮಾನು ಸರಂಜಾಮಿನ ನಡುವೆ ಸಿಕ್ಕ ಅವನ ಪುಟ್ಟ ಮಗ ಸಲಾಬತ್ ಖಾನ್‌ನನ್ನು ವೆಲ್ಲೆಸ್ಲಿ ಸಾಕಿಸಿ ಓದಿಸಿದ್ದು ಅವನ ಎಲ್ಲ ಜೀವನಚರಿತ್ರೆಗಳಲ್ಲೂ ಬರುತ್ತದೆ. ಮಗುವಿನ ಹೆಸರು ಉಳಿದದ್ದು ಹಿಡಿದವನ ಔದಾರ್ಯದ ಕತೆಯೊಳಗೆ. ರಾಣೆಬೆನ್ನೂರು ಕೋಟೆಯೊಳಗೆ ಇದ್ದವರ ಹೆಸರು ಯಾವ ಕತೆಗೂ ಬೇಕಾಗಲಿಲ್ಲ.

ವೀರಗಲ್ಲುಗಳ ಇನ್ನೊಂದು ದನಿ

ಹಾಗಾದರೆ ಕನ್ನಡ ಶಾಸನಗಳು ಸೆರೆ ಹೋದವರಿಗೆ ಪೂರ್ತಿ ಕಿವುಡೇ? ಅಲ್ಲ. ಕೇಳಬೇಕಾದ ಜಾಗ ಬೇರೆ. ಅರಮನೆಯ ಪ್ರಶಸ್ತಿ ಬಿಟ್ಟು ಊರ ಮುಂದಿನ ವೀರಗಲ್ಲಿಗೆ ಬನ್ನಿ. ತುರುಗೊಳ್, ಊರಳಿವು, ಪೆಣ್ಬುಯ್ಯಲ್, ಪೆಣ್ಡಿರುಡೆಯುರ್ಚು ಈ ಪದಗಳೆಲ್ಲ ಅಲ್ಲಿನವು. ಪೆಣ್ಬುಯ್ಯಲ್ ಅಂದರೆ ಹೆಂಗಸರ ಮೊರೆ. ಗಮನಿಸಿ, ಇದು ಕಣ್ಣಿಗೆ ಕಂಡದ್ದಲ್ಲ, ಕಿವಿಗೆ ಕೇಳಿದ್ದು. ಯಾರೋ ಕೂಗಿದ್ದನ್ನು ಇನ್ಯಾರೋ ಕೇಳಿ ಓಡಿ ಹೋಗಿದ್ದಾರೆ. ಪ್ರಶಸ್ತಿಯಲ್ಲಿ ಹೆಣ್ಣು ಬರೀ ಕರ್ಮಪದ; ಇಲ್ಲಿ ಅವಳಿಗೆ ದನಿಯಾದರೂ ಇದೆ. ತುರುವನ್ನು ಮರಳಿಸಿದ, ಸೆರೆ ಬಿಡಿಸಿದ ಅನ್ನುವ ಮಾತುಗಳೂ ವೀರಗಲ್ಲಿನವೇ. ಸತ್ಯಾಶ್ರಯನ ಪ್ರಶಸ್ತಿಯಲ್ಲಿ ಕಾಣದ 'ಮರಳಿ ಬಂದರೇ?' ಎಂಬ ಪ್ರಶ್ನೆಗೆ ಊರಿನ ಸಾಮಾನ್ಯ ಬಂಟನ ಕಲ್ಲು ಉತ್ತರ ಕೊಡುತ್ತದೆ. ಯಾಕಂದರೆ ಊರಿಗೆ ಅದೇ ಮುಖ್ಯವಾಗಿತ್ತು.

ಇನ್ನೊಂದು ಮಾತೂ ಅಲ್ಲಿ ತಿಳಿಯುತ್ತದೆ. ಈ ಕಲ್ಲುಗಳಲ್ಲಿ ದಾಳಿ ಮಾಡಿದವರು ಬಹಳ ಸಲ ಚೋಳರಲ್ಲ, ಪಕ್ಕದ ಸೀಮೆಯ ಕನ್ನಡದ ನಾಯಕರೇ. ದನ ಹೊಡೆದವನೂ ಕನ್ನಡಿಗ, ಅಡ್ಡ ಬಂದು ಸತ್ತವನೂ ಕನ್ನಡಿಗ, ಕೂಗಿಕೊಂಡವಳೂ ಕನ್ನಡದವಳು. ಹೊಟ್ಟೂರು ಶಾಸನವನ್ನು ಕನ್ನಡ-ತಮಿಳು ಜಗಳದ ಸಾಕ್ಷಿಯಾಗಿ ನಿಲ್ಲಿಸುವವರು ಊರ ಮುಂದಿನ ಈ ಕಲ್ಲುಗಳನ್ನು ಒಮ್ಮೆ ಸುತ್ತು ಹಾಕಿ ಬರಬೇಕು.

ನಮ್ಮ ವಿದ್ವಾಂಸರು ಈ ದಾರಿಯನ್ನು ಆಗಲೇ ಕಡಿದಿಟ್ಟಿದ್ದಾರೆ. ಎಂ. ಚಿದಾನಂದಮೂರ್ತಿಯವರ 'ಕನ್ನಡ ಶಾಸನಗಳ ಸಾಂಸ್ಕೃತಿಕ ಅಧ್ಯಯನ' (1966), ಆರ್. ಶೇಷಶಾಸ್ತ್ರಿಯವರ 'ಕರ್ನಾಟಕದ ವೀರಗಲ್ಲುಗಳು' ಇಲ್ಲದಿದ್ದರೆ ನನ್ನಂಥ ಹವ್ಯಾಸಿಗಳಿಗೆ ಒಂದು ಸಾಲೂ ದಕ್ಕುತ್ತಿರಲಿಲ್ಲ. ನನ್ನ ತಕರಾರು ಇರೋದು ಅವರ ನಂತರ ನಾವು ಮಾಡಿಕೊಂಡ ರೂಢಿಯ ಮೇಲೆ. ವೀರಗಲ್ಲನ್ನು ವರ್ಗೀಕರಿಸುವಾಗ ಸತ್ತವನ ಕಾರಣದಿಂದ ವರ್ಗೀಕರಿಸುತ್ತೇವೆ: ತುರುಗೊಳ್ ವೀರಗಲ್ಲು, ಊರಳಿವು ವೀರಗಲ್ಲು, ಸ್ತ್ರೀಮಾನರಕ್ಷಣೆಯ ವೀರಗಲ್ಲು. ಮೂರನೆಯ ಹೆಸರನ್ನೇ ನೋಡಿ. ಕಲ್ಲಿನಲ್ಲಿ ಇರೋದು ಉಡೆ ಸೆಳೆದದ್ದು. ನಾವು ಕೊಟ್ಟದ್ದು ಮಾನರಕ್ಷಣೆ ಅನ್ನುವ ಪದ. ನಡೆದ ಹಿಂಸೆ ಹೋಗಿ ಅದನ್ನು ತಡೆದವನ ಕೀರ್ತಿ ಉಳಿಯಿತು. ತಡೆಯಲು ಆಯಿತೋ ಇಲ್ಲವೋ ಅನ್ನೋದು ಕೂಡ ಆ ಪದದಲ್ಲಿ ಮುಚ್ಚಿಹೋಗುತ್ತದೆ. ಶಿಲ್ಪದ ವರ್ಣನೆಯಲ್ಲೂ ಹಾಗೇ. ಮೇಲಿನ ಪಟ್ಟಿಕೆಯಲ್ಲಿ ವೀರನನ್ನು ಹೊತ್ತೊಯ್ಯುವ ಅಪ್ಸರೆಯರ ಚಾಮರ, ಸರ, ಮುಡಿ ಎಲ್ಲ ಬರೀತೇವೆ. ಕೆಳಗಿನ ಪಟ್ಟಿಕೆಯಲ್ಲಿ ಹೆಂಗಸರಿದ್ದರೆ ಒಂದು ಶಬ್ದದಲ್ಲಿ ಮುಗಿಸಿಬಿಡ್ತೇವೆ.

ಇದು ಸಾವಿರ ವರ್ಷದ ಹಳೇ ಗೋಳು, ಈಗ ಯಾಕೆ ಅನ್ನಬಹುದು. 1949ರ ಜಿನೀವಾ ಒಪ್ಪಂದಗಳು ಒತ್ತೆ ಹಿಡಿಯುವುದನ್ನು ನಿಷೇಧಿಸಿದವು, 1979ರಲ್ಲಿ ಅದಕ್ಕೇ ಅಂತ ಬೇರೆ ಅಂತರರಾಷ್ಟ್ರೀಯ ಒಪ್ಪಂದವೂ ಆಯಿತು. ಆದರೂ 2014ರಲ್ಲಿ ಮೋಸೂಲ್‌ನಲ್ಲಿ ಸಿಕ್ಕಿಬಿದ್ದ 39 ಭಾರತೀಯ ಕೂಲಿಕಾರರು ಸತ್ತರೆಂದು ಮನೆಯವರಿಗೆ ಖಚಿತವಾದದ್ದು 2018ರಲ್ಲಿ. 2015ರ ಜುಲೈಯಲ್ಲಿ ಲಿಬಿಯಾದ ಸಿರ್ತ್ ಹತ್ತಿರ ಅಪಹರಣಕ್ಕೊಳಗಾದ ನಾಲ್ವರು ಅಧ್ಯಾಪಕರಲ್ಲಿ ಕರ್ನಾಟಕದ ಇಬ್ಬರು ಬೇಗ ಮರಳಿದರು, ಉಳಿದ ಇಬ್ಬರು ವರ್ಷದ ಮೇಲೆ ಬಂದರು. ಅಷ್ಟು ದಿನ ಮನೆಯವರು ಕೈಯಲ್ಲಿ ಹಿಡಿದುಕೊಂಡದ್ದು ಹೆಸರು ಮತ್ತು ಭಾವಚಿತ್ರ, ಬೇರೇನಿಲ್ಲ. ಹೆಸರು ಪಟ್ಟಿಯಲ್ಲಿ ಇದ್ದರೆ ಯಾರಾದರೂ ಉತ್ತರ ಕೊಡಬೇಕಾಗುತ್ತದೆ. ಇಲ್ಲದಿದ್ದರೆ ಹೊಟ್ಟೂರಿನ ವಾಕ್ಯದ ಹಾಗೆ ಅರ್ಧಕ್ಕೇ ನಿಲ್ಲುತ್ತದೆ.

ಆದ್ದರಿಂದ ಕ್ಷೇತ್ರಕಾರ್ಯ ಮಾಡುವ ಗೆಳೆಯರಿಗೆ ಒಂದು ಸಲಹೆ. ವೀರಗಲ್ಲು ದಾಖಲಿಸುವಾಗ ವೀರನ ಹೆಸರು, ಒಡೆಯ, ತೇದಿ, ಆಯುಧದ ಜೊತೆಗೆ ಇನ್ನೂ ಐದು ಕಾಲಂ ಹಾಕಿಕೊಳ್ಳೋಣ: ಯಾರನ್ನು ಅಥವಾ ಏನನ್ನು ಹಿಡಿದರು, ಹಿಡಿದವರು ಯಾರು, ಶಾಸನ ಬಳಸಿದ ಕ್ರಿಯಾಪದ ಯಾವುದು, ಮರಳಿದ ಮಾತು ಇದೆಯೇ, ಕೆಳಪಟ್ಟಿಕೆಯಲ್ಲಿ ಹೆಂಗಸರು ಮಕ್ಕಳು ಎಷ್ಟು ಮತ್ತು ಕೈ ಹೇಗಿದೆ. ಮಾಹಿತಿ ಇಲ್ಲದ ಕಡೆ 'ಇಲ್ಲ' ಅಂತಲೇ ಬರೆಯೋಣ, ಖಾಲಿ ಬಿಡೋದು ಬೇಡ. ಖಾಲಿ ಮನೆ ಅಂದರೆ ನಾವು ನೋಡಿಲ್ಲ ಅಂತ ಅರ್ಥ; 'ಇಲ್ಲ' ಅಂದರೆ ನೋಡಿದ್ದೇವೆ, ಕಲ್ಲು ಹೇಳಿಲ್ಲ ಅಂತ. ಇನ್ನೂರು ಮುನ್ನೂರು ಕಲ್ಲಿಗೆ ಇಷ್ಟು ತುಂಬಿದರೆ, ಮರಳಿ ಬಂದದ್ದನ್ನು ದನಕ್ಕೆಷ್ಟು ಸಲ ಹೇಳಿದ್ದಾರೆ, ಮನುಷ್ಯರಿಗೆಷ್ಟು ಸಲ ಹೇಳಿದ್ದಾರೆ ಅನ್ನೋದು ಅಂಕಿಯಲ್ಲೇ ಕಾಣುತ್ತದೆ.

ದಸರೆಗೆ ಕಾರಣಿಕ ಕೇಳಲು ದೇವರಗುಡ್ಡಕ್ಕೆ ಬರುವವರು ಬಿಲ್ಲೇರಿದ ಗೊರವಯ್ಯನ ಒಂದೇ ಸಾಲನ್ನು ವರ್ಷವಿಡೀ ಒಡೆದು ಒಡೆದು ಅರ್ಥ ಮಾಡ್ತಾರೆ. ಮಳೆ, ಬೆಳೆ, ರಾಜಕಾರಣ ಎಲ್ಲ ಅದರಲ್ಲಿ ಸಿಗುತ್ತದೆ. ಬಂದವರು ಹಾಗೇ ಸುತ್ತಲ ಊರುಗಳ ಹನುಮಪ್ಪನ ಗುಡಿ ಮುಂದೆ, ಕೆರೆ ದಂಡೆಯ ಮೇಲೆ ನಿಂತಿರುವ ಕಲ್ಲುಗಳ ಕೆಳಪಟ್ಟಿಕೆಯನ್ನೂ ಅಷ್ಟೇ ತಾಳ್ಮೆಯಿಂದ ಒಡೆದು ನೋಡಲಿ. ಮಣ್ಣಲ್ಲಿ ಹುಗಿದುಹೋಗಿರೋದು ಬಹಳ ಕಡೆ ಅದೇ ಭಾಗ. ಒಂದು ಗೇಣು ಮಣ್ಣು ಸರಿಸುವ ಮೊದಲು ಊರವರನ್ನು ಕೇಳಿ, ಫೋಟೊ ತೆಗೆದು ಮತ್ತೆ ಮಣ್ಣು ಮುಚ್ಚಿ ಬನ್ನಿ. ಕಾಲಂ ತುಂಬಿ ಕಳಿಸಿದರೆ ಒಟ್ಟುಗೂಡಿಸುವ ಕೆಲಸ ನಾನು ಮಾಡ್ತೇನೆ.